ಹಿರಿಯ ಪೋಷಕ ನಟ ಎ.ಕೆ. ಹಂಗಲ್: ದರ್ಜಿಯ ಕತ್ತರಿಯಿಂದ ಪದ್ಮಭೂಷಣದವರೆಗೆ

ಚಲನಚಿತ್ರ ನೋಡಿ ಬಂದವರಿಗೆ ನಾಯಕ, ನಾಯಕಿಯರ ಹೆಸರು ಬಾಯಿಗೆ ಬರುತ್ತದೆ. ನಾಯಕಿಯ ತಂದೆಯಾಗಿ, ಊರಿನ ಮೇಷ್ಟ್ರಾಗಿ, ಮನೆಯ ಹಿರಿಯರಾಗಿ ಬಂದು ಹೋದವರ ಮುಖ ಮಾತ್ರ ನೆನಪಿರುತ್ತದೆ. ಹೆಸರು ಕೇಳಿದರೆ ‘ಅವರೇ, ಆ ವಯಸ್ಸಾದವರು’ ಎನ್ನುತ್ತಾರೆ. ಇಂತಹ ಪಾತ್ರಗಳನ್ನು ಮಾಡುವವರನ್ನು ಪೋಷಕ ನಟರು ಎಂದು ಕರೆಯುವುದು ರೂಢಿ. ಹಿಂದಿ ಚಿತ್ರರಂಗದಲ್ಲಿ ಸುಮಾರು ನಾಲ್ಕು ದಶಕ ಈ ಕೆಲಸ ಮಾಡಿ, ಸುಮಾರು 225 ಚಿತ್ರಗಳಲ್ಲಿ ಕಾಣಿಸಿಕೊಂಡವರು ಎ.ಕೆ. ಹಂಗಲ್. ಅವರ ಜೀವನವನ್ನು ತಿಳಿದುಕೊಂಡರೆ ಪೋಷಕ ನಟನ ವೃತ್ತಿ ಎಂದರೇನು, ಅದರಿಂದ ಸಿಗುವುದೇನು, ಸಿಗದೆ ಹೋಗುವುದೇನು ಎಂಬುದು ಸ್ಪಷ್ಟವಾಗುತ್ತದೆ. ಮಕ್ಕಳು ನಟನೆಯ ಕಡೆಗೆ ಒಲವು ತೋರಿಸುತ್ತಿರುವ ಕುಟುಂಬಗಳು ಇದನ್ನು ತಿಳಿದಿರುವುದು ಒಳ್ಳೆಯದು.

ಮೊದಲಿಗೆ ಹೆಸರಿನ ವಿಚಾರ. ಹಂಗಲ್ ಎಂದ ಕೂಡಲೇ ಕನ್ನಡಿಗರಿಗೆ ಹಾವೇರಿ ಜಿಲ್ಲೆಯ ಹಾನಗಲ್ ನೆನಪಾಗುತ್ತದೆ. ಇಂಗ್ಲಿಷಿನಲ್ಲಿ ಬರೆದಾಗ ಎರಡೂ ಒಂದೇ ಅಕ್ಷರಗಳು. ಗಂಗೂಬಾಯಿ ಹಾನಗಲ್ ಅವರ ಹೆಸರು ದೇಶಕ್ಕೆಲ್ಲ ಪರಿಚಿತವಾಗಿದ್ದರಿಂದ ಈ ನಟರೂ ನಮ್ಮ ಕಡೆಯವರೇ ಇರಬೇಕು ಎಂದುಕೊಂಡವರು ಕಡಿಮೆ ಇಲ್ಲ. ಆದರೆ ಇವರು ಕಾಶ್ಮೀರಿ ಪಂಡಿತ ಕುಟುಂಬದವರು. ಪೂರ್ಣ ಹೆಸರು ಅವತಾರ್ ಕಿಶನ್ ಹಂಗಲ್. ಹುಟ್ಟಿದ ಊರಿಗೂ ಕರ್ನಾಟಕಕ್ಕೂ ಸಂಬಂಧವಿಲ್ಲ. ಆದರೂ ಅವರನ್ನು ದೇಶದ ಮನೆಮನೆಗೂ ತಲುಪಿಸಿದ ಪಾತ್ರ ಚಿತ್ರೀಕರಣಗೊಂಡದ್ದು ಕರ್ನಾಟಕದ ನೆಲದಲ್ಲಿಯೇ. ಆ ವಿಷಯ ಮುಂದೆ ಬರುತ್ತದೆ.

ಬಾಲ್ಯ ಮತ್ತು ಕಸುಬು

ಹಂಗಲ್ ಅವರು 1914ರಲ್ಲಿ ಸಿಯಾಲ್‌ಕೋಟ್‌ನಲ್ಲಿ ಜನಿಸಿದರು. ಆ ಊರು ಈಗ ಪಾಕಿಸ್ತಾನದ ಪಂಜಾಬ್ ಪ್ರಾಂತ್ಯದಲ್ಲಿದೆ. ಬೆಳೆದದ್ದು ಪೇಶಾವರದಲ್ಲಿ. ಅವರ ಹದಿಹರೆಯದ ದಿನಗಳಲ್ಲಿ ಪೇಶಾವರ ಸ್ವಾತಂತ್ರ್ಯ ಹೋರಾಟದ ದೊಡ್ಡ ಕೇಂದ್ರವಾಗಿತ್ತು. 1930ರ ಏಪ್ರಿಲ್ 23ರಂದು ಅಲ್ಲಿನ ಕಿಸ್ಸಾ ಖ್ವಾನಿ ಬಜಾರಿನಲ್ಲಿ ನಿಶ್ಶಸ್ತ್ರ ಜನರ ಮೇಲೆ ಬ್ರಿಟಿಷರು ಗುಂಡು ಹಾರಿಸಿದರು. ಗಢವಾಲ್ ದಳದ ಸೈನಿಕರು ಜನರ ಮೇಲೆ ಗುಂಡು ಹಾರಿಸಲು ಒಪ್ಪದೆ ಶಿಕ್ಷೆ ಅನುಭವಿಸಿದರು. ಇಂತಹ ವಾತಾವರಣದಲ್ಲಿ ಬೆಳೆದ ಹುಡುಗ ಸ್ವಾತಂತ್ರ್ಯ ಚಳವಳಿಗೆ ಸೇರಿದ್ದು ಸಹಜವೇ ಆಗಿತ್ತು. ಅದೇ ಊರಿನಲ್ಲಿ ನಾಟಕದ ರುಚಿಯೂ ಹತ್ತಿತು. 1936ರ ಸುಮಾರಿಗೆ ಅಲ್ಲಿನ ಒಂದು ಸಂಗೀತ ನಾಟಕ ಮಂಡಳಿಯಲ್ಲಿ ಅವರು ಪಾತ್ರ ಮಾಡತೊಡಗಿದರು.

ಹೊಟ್ಟೆಪಾಡಿಗೆ ಅವರು ಆರಿಸಿಕೊಂಡದ್ದು ದರ್ಜಿ ಕೆಲಸ. ಓದು ಬಲ್ಲ ಪಂಡಿತ ಕುಟುಂಬದ ಹುಡುಗ ಕತ್ತರಿ, ಟೇಪು ಹಿಡಿಯುವುದು ಆಗಿನ ಕಾಲಕ್ಕೆ ಸಾಮಾನ್ಯ ಸಂಗತಿಯಲ್ಲ. ಬಟ್ಟೆ ಅಳೆದು, ಕತ್ತರಿಸಿ, ಗಿರಾಕಿಯ ಮೈಗೆ ಒಪ್ಪುವಂತೆ ಕೊಡುವ ಈ ಕಸುಬು ಅವರಿಗೆ ಬಹಳ ವರ್ಷ ಅನ್ನ ಕೊಟ್ಟಿತು. ನಟನೆಯಿಂದ ಹಣ ಬರುವ ಮೊದಲು ಅವರ ಸಂಸಾರ ನಡೆದದ್ದು ಇದರಿಂದಲೇ.

ಕರಾಚಿಯಿಂದ ಮುಂಬಯಿಗೆ

ತಂದೆಯವರು ನೌಕರಿಯಿಂದ ನಿವೃತ್ತರಾದ ಮೇಲೆ ಕುಟುಂಬ ಕರಾಚಿಗೆ ಬಂತು. ಅಲ್ಲಿಯೂ ಹಂಗಲ್ ಅವರು ದರ್ಜಿ ಕೆಲಸ ಮಾಡುತ್ತಲೇ ಕಾರ್ಮಿಕ ಸಂಘಟನೆಯಲ್ಲಿ ತೊಡಗಿಕೊಂಡರು. ಅವರು ಎಡಪಂಥೀಯ ವಿಚಾರದವರು. ಕೊನೆಯವರೆಗೂ ಅದನ್ನು ಮುಚ್ಚಿಡಲಿಲ್ಲ. ದೇಶ ವಿಭಜನೆಯಾದಾಗ ಕರಾಚಿ ಪಾಕಿಸ್ತಾನಕ್ಕೆ ಸೇರಿತು. ರಾಜಕೀಯ ಕಾರಣಕ್ಕೆ 1947ರಿಂದ 1949ರ ನಡುವೆ ಅವರು ಕರಾಚಿಯ ಜೈಲಿನಲ್ಲಿದ್ದರು. 1949ರಲ್ಲಿ ಬಿಡುಗಡೆಯಾಗಿ ಮುಂಬಯಿ ಸೇರಿದಾಗ ವಯಸ್ಸು 35. ಹುಟ್ಟಿದ ಊರು, ಬೆಳೆದ ಊರು, ಕೆಲಸ ಮಾಡಿದ ಊರು ಮೂರೂ ಗಡಿಯ ಆಚೆ ಉಳಿದುಹೋದವು.

ಮುಂಬಯಿಯಲ್ಲಿ ಮತ್ತೆ ಕತ್ತರಿಯೇ ಕೈಹಿಡಿಯಿತು. ಸಂಜೆ ವೇಳೆ ನಾಟಕ. 1943ರಲ್ಲಿ ಸ್ಥಾಪನೆಯಾಗಿದ್ದ ಭಾರತೀಯ ಜನನಾಟ್ಯ ಸಂಘ, ಅಂದರೆ ‘ಇಪ್ಟಾ’, ಆಗ ಮುಂಬಯಿಯಲ್ಲಿ ಹೆಸರು ಮಾಡಿತ್ತು. ಬಲರಾಜ್ ಸಾಹ್ನಿ, ಕವಿ ಕೈಫಿ ಆಜ್ಮಿ ಮುಂತಾದವರ ಜೊತೆ ಹಂಗಲ್ ಅವರು ಇಪ್ಟಾದಲ್ಲಿ ದುಡಿದರು. ಇಲ್ಲಿ ಸಂಬಳವಿರಲಿಲ್ಲ. ಕೆಲಸ ಮುಗಿಸಿ ಬಂದು ತಾಲೀಮು ಮಾಡಬೇಕು, ರಂಗದ ಸಾಮಾನು ಹೊರಬೇಕು, ಬೇಕಾದರೆ ಪಾತ್ರವನ್ನೂ ಮಾಡಬೇಕು. ಮುಂದೆ ಅವರು ಇಪ್ಟಾದ ರಾಷ್ಟ್ರೀಯ ಅಧ್ಯಕ್ಷರೂ ಆದರು. ಸಿನಿಮಾದಲ್ಲಿ ಹೆಸರು ಬಂದ ಮೇಲೂ ನಾಟಕವನ್ನು ಬಿಡಲಿಲ್ಲ.

52ನೇ ವಯಸ್ಸಿನಲ್ಲಿ ಸಿನಿಮಾ

ಸಾಮಾನ್ಯರು ನಿವೃತ್ತಿಯ ಲೆಕ್ಕ ಹಾಕುವ ವಯಸ್ಸಿನಲ್ಲಿ ಹಂಗಲ್ ಅವರು ಸಿನಿಮಾಕ್ಕೆ ಕಾಲಿಟ್ಟರು. 1966ರಲ್ಲಿ ತೆರೆಕಂಡ, ಬಾಸು ಭಟ್ಟಾಚಾರ್ಯ ನಿರ್ದೇಶನದ ‘ತೀಸ್ರೀ ಕಸಮ್’ ಚಿತ್ರದಲ್ಲಿ ಅವರಿಗೆ ಸಣ್ಣ ಪಾತ್ರ ಸಿಕ್ಕಿತು. ಆಗ ಅವರಿಗೆ 52 ವರ್ಷ. ಮುಂದಿನ ವರ್ಷ ‘ಶಾಗಿರ್ದ್’. ಹೀಗೆ ಅವರು ತೆರೆಯ ಮೇಲೆ ಯುವಕನಾಗಿ ಕಾಣಿಸಿಕೊಳ್ಳಲೇ ಇಲ್ಲ. ಬಂದದ್ದೇ ಹಿರಿಯರಾಗಿ.

1970ರ ದಶಕ ಅವರಿಗೆ ಒದಗಿ ಬಂತು. ಹೃಷಿಕೇಶ್ ಮುಖರ್ಜಿ, ಬಾಸು ಚಟರ್ಜಿ ಮುಂತಾದ ನಿರ್ದೇಶಕರು ಮಧ್ಯಮ ವರ್ಗದ ಮನೆಗಳ ಕಥೆ ಹೇಳತೊಡಗಿದ್ದರು. ಅಂತಹ ಮನೆಗೆ ನಂಬುವಂತಹ ತಂದೆ, ಅಣ್ಣ, ಗುಮಾಸ್ತ ಬೇಕಿದ್ದರು. 1971ರ ‘ಗುಡ್ಡಿ’ಯಲ್ಲಿ ಜಯಾ ಭಾದುರಿ ಅವರ ತಂದೆ. 1972ರ ‘ಬಾವರ್ಚಿ’ಯಲ್ಲಿ ಕೂಡು ಕುಟುಂಬದ ಹಿರಿಯ ಮಗ, ಕಚೇರಿ ಗುಮಾಸ್ತ. (ಈ ಚಿತ್ರವೇ 2007ರಲ್ಲಿ ಸುದೀಪ್ ಅವರಿಂದ ಕನ್ನಡದಲ್ಲಿ ‘ನಂ. 73, ಶಾಂತಿನಿವಾಸ’ವಾಯಿತು.) 1973ರ ‘ಅಭಿಮಾನ್’ನಲ್ಲಿ ಮತ್ತೆ ಜಯಾ ಅವರ ತಂದೆ. ಅದೇ ವರ್ಷದ ‘ನಮಕ್ ಹರಾಮ್’ನಲ್ಲಿ ಕಾರ್ಖಾನೆಯ ಕಾರ್ಮಿಕ ಮುಖಂಡ. ಈ ಕೊನೆಯ ಪಾತ್ರಕ್ಕೆ ಅವರು ಹೊರಗಿನಿಂದ ಏನನ್ನೂ ಕಲಿಯಬೇಕಾಗಿರಲಿಲ್ಲ, ಕರಾಚಿಯ ದಿನಗಳು ಸಾಕಾಗಿದ್ದವು. 1976ರ ‘ಚಿತ್‌ಚೋರ್’ನಲ್ಲಿ ಮಗಳಿಗೆ ಒಳ್ಳೆಯ ವರ ಸಿಗಲಿ ಎಂದು ಹಂಬಲಿಸುವ ಸಣ್ಣ ಊರಿನ ಮೇಷ್ಟ್ರು.

‘ಗರಂ ಹವಾ’ ಮತ್ತು ಮೈಸೂರಿನ ನಿರ್ದೇಶಕರು

ಅವರ ವೃತ್ತಿಯಲ್ಲಿ ‘ಗರಂ ಹವಾ’ ಚಿತ್ರಕ್ಕೆ ಪ್ರತ್ಯೇಕ ಸ್ಥಾನವಿದೆ. ಇದನ್ನು ನಿರ್ದೇಶಿಸಿದವರು ಮೈಸೂರಿನಲ್ಲಿ ಹುಟ್ಟಿ ಬೆಳೆದ ಎಂ.ಎಸ್. ಸತ್ಯು ಅವರು. ಅವರೂ ಇಪ್ಟಾ ಬಳಗದವರೇ. ವಿಭಜನೆಯ ನಂತರ ಆಗ್ರಾದಲ್ಲಿ ಉಳಿದ ಒಬ್ಬ ಚಪ್ಪಲಿ ವ್ಯಾಪಾರಿಯ ಕುಟುಂಬದ ಕಥೆ ಅದು. ಆ ಮುಖ್ಯ ಪಾತ್ರ ಬಲರಾಜ್ ಸಾಹ್ನಿ ಅವರದು. ಹಂಗಲ್ ಅವರದು ಅಜ್ಮಾನಿ ಎಂಬ ಪಾತ್ರ. ಈತ ಸಿಂಧ್‌ನಿಂದ ಎಲ್ಲವನ್ನೂ ಬಿಟ್ಟು ಆಗ್ರಾಕ್ಕೆ ಬಂದು ವ್ಯಾಪಾರ ಮಾಡಿಕೊಂಡ ನಿರಾಶ್ರಿತ. ಮುಖ್ಯ ಪಾತ್ರದವನಿಗೆ ಊರು ಬಿಡಬೇಕಾದ ಭಯ, ಅಜ್ಮಾನಿಗೆ ಊರು ಬಿಟ್ಟು ಬಂದ ನೋವು. ಇಬ್ಬರ ಧರ್ಮ ಬೇರೆ, ಕಷ್ಟ ಒಂದೇ. ಸ್ವತಃ ಕರಾಚಿಯಿಂದ ಬಂದಿದ್ದ ಹಂಗಲ್ ಅವರು ಈ ಪಾತ್ರವನ್ನು ಅಬ್ಬರವಿಲ್ಲದೆ, ಅಂಗಡಿಯಲ್ಲಿ ಕುಳಿತು ಮಾತನಾಡುವ ಪರಿಚಯಸ್ಥನಂತೆ ನಿರ್ವಹಿಸಿದರು.

1975ರ ಎರಡು ದೃಶ್ಯಗಳು

ಪೋಷಕ ನಟನ ಕೆಲಸ ಕಥೆಗೆ ಎಷ್ಟು ಮುಖ್ಯ ಎಂಬುದನ್ನು ತಿಳಿಯಲು 1975ರಲ್ಲಿ ಬಂದ ಎರಡು ಚಿತ್ರಗಳನ್ನು ನೋಡಿದರೆ ಸಾಕು.

ಒಂದು ಯಶ್ ಚೋಪ್ರಾ ನಿರ್ದೇಶನದ ‘ದೀವಾರ್’. ಪೊಲೀಸ್ ಅಧಿಕಾರಿಯಾದ ತಮ್ಮ (ಶಶಿ ಕಪೂರ್), ಕಳ್ಳಸಾಗಣೆ ಮಾಡುವ ಅಣ್ಣನ (ಅಮಿತಾಭ್ ಬಚ್ಚನ್) ವಿರುದ್ಧದ ಪ್ರಕರಣವನ್ನು ಕೈಗೆತ್ತಿಕೊಳ್ಳಲು ಹಿಂಜರಿಯುತ್ತಿರುತ್ತಾನೆ. ಓಡುತ್ತಿದ್ದ ಒಬ್ಬ ಹುಡುಗನ ಮೇಲೆ ಗುಂಡು ಹಾರಿಸಿದ ಮೇಲೆ, ಅವನು ಕದ್ದದ್ದು ಬರೀ ರೊಟ್ಟಿ ಎಂದು ಗೊತ್ತಾಗುತ್ತದೆ. ಪಶ್ಚಾತ್ತಾಪದಿಂದ ಊಟದ ಪೊಟ್ಟಣ ಹಿಡಿದು ಆ ಹುಡುಗನ ಮನೆಗೆ ಹೋಗುತ್ತಾನೆ. ಹುಡುಗನ ತಾಯಿ ಬೈಯುತ್ತಾಳೆ. ತಂದೆ ನಿವೃತ್ತ ಮೇಷ್ಟ್ರು, ಅದೇ ಹಂಗಲ್ ಅವರ ಪಾತ್ರ. ಅವರು ಹೆಂಡತಿಯನ್ನು ತಡೆದು, ಕದ್ದದ್ದು ಚಿಕ್ಕದಾಗಲಿ ದೊಡ್ಡದಾಗಲಿ ಕಳ್ಳತನ ಕಳ್ಳತನವೇ ಎಂಬ ಮಾತು ಹೇಳುತ್ತಾರೆ. ಕೆಲವೇ ನಿಮಿಷದ ಈ ದೃಶ್ಯ ಮುಗಿದ ಮೇಲೆ ತಮ್ಮ ನೇರವಾಗಿ ಹೋಗಿ ಅಣ್ಣನ ಪ್ರಕರಣವನ್ನು ವಹಿಸಿಕೊಳ್ಳುತ್ತಾನೆ. ಆ ಮೇಷ್ಟ್ರ ಮಾತನ್ನು ಪ್ರೇಕ್ಷಕ ನಂಬದೆ ಹೋಗಿದ್ದರೆ ಉಳಿದ ಕಥೆಯನ್ನೂ ನಂಬುತ್ತಿರಲಿಲ್ಲ.

ಇನ್ನೊಂದು ಅದೇ ವರ್ಷ ಆಗಸ್ಟ್ 15ರಂದು ಬಿಡುಗಡೆಯಾದ, ರಮೇಶ್ ಸಿಪ್ಪಿ ನಿರ್ದೇಶನದ ‘ಶೋಲೆ’. ಅದರಲ್ಲಿ ಬರುವ ಊರನ್ನು ಕಟ್ಟಿದ್ದು ಬೆಂಗಳೂರಿನ ಸಮೀಪದ ರಾಮನಗರದ ಬಂಡೆಗಳ ನಡುವೆ, ರಾಮದೇವರ ಬೆಟ್ಟದ ಬುಡದಲ್ಲಿ. ಹಂಗಲ್ ಅವರದು ಊರಿನ ಮಸೀದಿಯ ಕಣ್ಣಿಲ್ಲದ ಇಮಾಮರ ಪಾತ್ರ. ಅವರ ಒಬ್ಬನೇ ಮಗನನ್ನು ಡಕಾಯಿತ ಗಬ್ಬರ್ ಕೊಂದು ಹೆಣವನ್ನು ಕುದುರೆಯ ಮೇಲೆ ಕಳುಹಿಸುತ್ತಾನೆ. ಊರವರೆಲ್ಲ ಸುತ್ತ ನಿಂತು ಮಾತನಾಡುವುದಿಲ್ಲ. ಕಣ್ಣು ಕಾಣದ ತಂದೆ ಇಷ್ಟು ಮೌನ ಏಕೆ ಎಂದು ಕೇಳುತ್ತಾರೆ. ಆ ಒಂದು ಪ್ರಶ್ನೆ ಇವತ್ತಿಗೂ ಹಿಂದಿ ಬಲ್ಲವರ ಮಾತಿನಲ್ಲಿ ಗಾದೆಯ ಹಾಗೆ ಬಳಕೆಯಾಗುತ್ತಿದೆ.

ಮುಂದೆ ನಡೆಯುವುದು ಇನ್ನೂ ಮುಖ್ಯ. ಹೆದರಿದ ಊರಿನವರು ಇಬ್ಬರು ನಾಯಕರನ್ನು ಗಬ್ಬರನಿಗೆ ಒಪ್ಪಿಸಿಬಿಡೋಣ ಎನ್ನುತ್ತಾರೆ. ಮಗನನ್ನು ಕಳೆದುಕೊಂಡ ತಂದೆಯೇ ಅದನ್ನು ಒಪ್ಪುವುದಿಲ್ಲ. ಊರಿಗಾಗಿ ಕೊಡಲು ಇನ್ನಷ್ಟು ಮಕ್ಕಳಿದ್ದಿದ್ದರೆ ಎಂದು ಹೇಳಿ, ನಮಾಜಿನ ಹೊತ್ತಾಯಿತೆಂದು ಮಸೀದಿಯ ಕಡೆ ಹೋಗುತ್ತಾರೆ. ಊರು ನಾಚಿ ಸುಮ್ಮನಾಗುತ್ತದೆ. ನಾಯಕರು ಊರಿನಲ್ಲಿ ಉಳಿಯುತ್ತಾರೆ, ಚಿತ್ರ ಮುಂದೆ ಸಾಗುತ್ತದೆ. ಮೂರು ಗಂಟೆಗೂ ಮೀರಿದ ಚಿತ್ರದಲ್ಲಿ ಈ ಪಾತ್ರಕ್ಕೆ ಸಿಕ್ಕಿದ ಹೊತ್ತು ಬಹಳ ಕಡಿಮೆ. ಆದರೆ ಅದನ್ನು ತೆಗೆದುಹಾಕಿದರೆ ಕಥೆ ಅಲ್ಲಿಯೇ ನಿಂತುಹೋಗುತ್ತದೆ. ದೊಡ್ಡ ಬಾಗಿಲನ್ನು ಸಣ್ಣ ತಿರುಗಣಿ ಹೊತ್ತಿರುವ ಹಾಗೆ ಪೋಷಕ ನಟ ಕಥೆಯನ್ನು ಹೊತ್ತಿರುತ್ತಾನೆ.

ಒಂದೇ ಅಚ್ಚಿನ ಪಾತ್ರಗಳ ಕಷ್ಟ

ಒಳ್ಳೆಯ ತಂದೆಯ ಪಾತ್ರದಲ್ಲಿ ಹೆಸರಾದವರಿಗೆ ಮತ್ತೆ ಮತ್ತೆ ಅದೇ ಪಾತ್ರ ಬರುತ್ತದೆ. ನಿರ್ಮಾಪಕರಿಗೆ ಇದು ಅನುಕೂಲ. ಪರೀಕ್ಷಿಸಿದ ಸರಕನ್ನೇ ಅಂಗಡಿಯವನು ಮತ್ತೆ ತರಿಸುವ ಹಾಗೆ. ನಟನಿಗೆ ಮಾತ್ರ ಇದು ಎರಡು ಅಲಗಿನ ಕತ್ತಿ. ಕೆಲಸ ತಪ್ಪುವುದಿಲ್ಲ, ಆದರೆ ಬೇರೆ ಏನನ್ನೂ ಮಾಡಿ ತೋರಿಸಲು ಅವಕಾಶವಿರುವುದಿಲ್ಲ. ಹಂಗಲ್ ಅವರು ನೂರಾರು ಚಿತ್ರಗಳಲ್ಲಿ ಪ್ರಾಮಾಣಿಕ, ಬಡ, ಸಹನಶೀಲ ಹಿರಿಯರಾಗಿಯೇ ಕಾಣಿಸಿಕೊಂಡರು.

ಇದನ್ನು ಮುರಿದದ್ದು 1982ರಲ್ಲಿ ಬಂದ ಬಾಸು ಚಟರ್ಜಿ ಅವರ ಹಾಸ್ಯ ಚಿತ್ರ ‘ಶೌಕೀನ್’. ಅಶೋಕ್ ಕುಮಾರ್, ಉತ್ಪಲ್ ದತ್ ಮತ್ತು ಹಂಗಲ್ ಅವರು ಮೋಜಿಗೆಂದು ಪ್ರವಾಸ ಹೊರಟ ಮೂವರು ಮುದುಕರು. ಸಭ್ಯತೆಯ ಮೂರ್ತಿಯಂತಿದ್ದ ಹಂಗಲ್ ಅವರನ್ನು ಚಪಲಚಿತ್ತದ ವೃದ್ಧನಾಗಿ ನೋಡಿ ಪ್ರೇಕ್ಷಕರು ಬೆರಗಾದರು, ನಕ್ಕರು. ಅವರಲ್ಲಿ ಇಷ್ಟು ದಿನ ಬಳಕೆಯಾಗದೆ ಉಳಿದಿದ್ದ ಶಕ್ತಿ ಎಷ್ಟಿತ್ತು ಎಂಬುದು ಆ ಒಂದು ಚಿತ್ರದಿಂದ ಗೊತ್ತಾಯಿತು. 1983ರ ‘ಅವತಾರ್’ ಚಿತ್ರದಲ್ಲಿ ಅವರು ಮತ್ತೆ ನಾಯಕನ ನಂಬಿಕಸ್ಥ ಗೆಳೆಯನಾಗಿ ಬಂದರು. ಮಕ್ಕಳಿಂದ ಕೈಬಿಡಲ್ಪಟ್ಟ ವೃದ್ಧ ದಂಪತಿಯ ಕಥೆ ಅದು.

ದೂರದರ್ಶನದಲ್ಲಿ

1980ರ ದಶಕದಲ್ಲಿ ಮನೆಮನೆಗೆ ಟಿವಿ ಬಂತು. ಪೋಷಕ ನಟರಿಗೆ ಇದರಿಂದ ಹೊಸ ಕೆಲಸ ದೊರೆಯಿತು. 1988ರಲ್ಲಿ ದೂರದರ್ಶನದಲ್ಲಿ ಪ್ರಸಾರವಾದ, ಗೋವಿಂದ ನಿಹಲಾನಿ ನಿರ್ದೇಶನದ ‘ತಮಸ್’ನಲ್ಲಿ ಹಂಗಲ್ ಅವರು ಅಭಿನಯಿಸಿದರು. ಬಲರಾಜ್ ಸಾಹ್ನಿ ಅವರ ತಮ್ಮ ಭೀಷ್ಮ ಸಾಹ್ನಿ ಬರೆದ ಕಾದಂಬರಿಯನ್ನು ಆಧರಿಸಿದ ಧಾರಾವಾಹಿ ಅದು. ವಿಭಜನೆಯ ಗಲಭೆಗಳನ್ನು ತೋರಿಸುತ್ತದೆ ಎಂಬ ಕಾರಣಕ್ಕೆ ಅದರ ಪ್ರಸಾರವನ್ನು ನಿಲ್ಲಿಸಬೇಕೆಂದು ಕೋರಿದ ಅರ್ಜಿ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ನ್ಯಾಯಾಲಯ ಪ್ರಸಾರಕ್ಕೆ ಅಡ್ಡಿಪಡಿಸಲಿಲ್ಲ. ‘ಗರಂ ಹವಾ’ದಂತೆ ಇಲ್ಲಿಯೂ ಹಂಗಲ್ ಅವರು ತಾವು ಕಂಡುಂಡ ಇತಿಹಾಸದ ಭಾಗವನ್ನೇ ಅಭಿನಯಿಸಿದ್ದರು.

ಕೆಲಸ ನಿಂತ ದಿನಗಳು

1993ರಲ್ಲಿ ಅವರಿಗೆ ದೊಡ್ಡ ಪೆಟ್ಟು ಬಿತ್ತು. ಹುಟ್ಟೂರನ್ನು ಒಮ್ಮೆ ನೋಡಿ ಬರಬೇಕೆಂಬ ಆಸೆಯಿಂದ ಪಾಕಿಸ್ತಾನದ ವೀಸಾಕ್ಕೆ ಅರ್ಜಿ ಹಾಕಿದ್ದರು. ಆ ಸಂದರ್ಭದಲ್ಲಿ ಮುಂಬಯಿಯ ಪಾಕಿಸ್ತಾನಿ ದೂತಾವಾಸ ಕಚೇರಿಯವರು ತಮ್ಮ ರಾಷ್ಟ್ರೀಯ ದಿನದ ಸಮಾರಂಭಕ್ಕೆ ಕರೆದರು. ಇವರು ಹೋದರು. ಮುಂಬಯಿ ಆಗ ಗಲಭೆ, ಬಾಂಬ್ ಸ್ಫೋಟಗಳಿಂದ ಬೆಂದುಹೋಗಿತ್ತು. ಶಿವಸೇನೆ ಅವರ ಚಿತ್ರಗಳ ಬಹಿಷ್ಕಾರಕ್ಕೆ ಕರೆ ಕೊಟ್ಟಿತು. ಕೆಲವು ಚಿತ್ರಗಳಿಂದ ಅವರ ದೃಶ್ಯಗಳನ್ನು ಕತ್ತರಿಸಲಾಯಿತು. ಸುಮಾರು ಎರಡು ವರ್ಷ ಅವರನ್ನು ಯಾರೂ ಕೆಲಸಕ್ಕೆ ಕರೆಯಲಿಲ್ಲ.

ಆಗಿದ್ದು ಸರಿಯೋ ತಪ್ಪೋ ಎಂಬ ಚರ್ಚೆ ಒಂದು ಕಡೆ ಇರಲಿ. ವೃತ್ತಿಯ ದೃಷ್ಟಿಯಿಂದ ಇಲ್ಲಿ ಗಮನಿಸಬೇಕಾದ ಅಂಶವೊಂದಿದೆ. ನಾಯಕ ನಟನ ಮೇಲೆ ಕೋಟಿಗಟ್ಟಲೆ ಬಂಡವಾಳ ಇರುವುದರಿಂದ ತೊಂದರೆ ಬಂದಾಗ ನಿರ್ಮಾಪಕರು ಅವನ ಬೆನ್ನಿಗೆ ನಿಲ್ಲುತ್ತಾರೆ. ಪೋಷಕ ನಟನ ಜಾಗದಲ್ಲಿ ಇನ್ನೊಬ್ಬರನ್ನು ತರುವುದು ಸುಲಭ. 79 ವರ್ಷದ ಹಿರಿಯ ನಟನಿಗೆ ಎರಡು ವರ್ಷದ ಸಂಪಾದನೆ ತಪ್ಪಿದರೆ ಅದನ್ನು ತುಂಬಿಕೊಳ್ಳುವ ದಾರಿ ಇರುವುದಿಲ್ಲ.

ಹಂಗಲ್ ಅವರು ಮತ್ತೆ ಕೆಲಸಕ್ಕೆ ಬಂದರು. ಅಶುತೋಷ್ ಗೋವಾರಿಕರ್ ಅವರ ‘ಲಗಾನ್’ (2001) ಚಿತ್ರದಲ್ಲಿ ಊರಿನ ಹಿರಿಯ ಶಂಭು ಕಾಕಾ ಆದರು. ಗುಜರಾತಿನ ಭುಜ್ ಸಮೀಪ ಚಿತ್ರೀಕರಣ ನಡೆಯುವಾಗ ಜಾರಿ ಬಿದ್ದು ಬೆನ್ನಿಗೆ ಪೆಟ್ಟಾಯಿತು. ಹಾಸಿಗೆ ಹಿಡಿದಿದ್ದರೂ, ಒಪ್ಪಿಕೊಂಡ ಕೆಲಸ ನಿಲ್ಲಬಾರದೆಂದು ಚಿತ್ರೀಕರಣದ ಸ್ಥಳಕ್ಕೆ ಬಂದು ತಮ್ಮ ಭಾಗವನ್ನು ಮುಗಿಸಿಕೊಟ್ಟರು. 2005ರ ‘ಪಹೇಲಿ’ಯ ನಂತರ ಅವರು ತೆರೆಯಿಂದ ಬಹುಮಟ್ಟಿಗೆ ದೂರವಾದರು.

ಪ್ರಶಸ್ತಿ ಮತ್ತು ಔಷಧದ ಖರ್ಚು

2006ರಲ್ಲಿ ಭಾರತ ಸರ್ಕಾರ ಅವರಿಗೆ ಪದ್ಮಭೂಷಣ ನೀಡಿ ಗೌರವಿಸಿತು. ಪೋಷಕ ನಟರಿಗೆ ಇಷ್ಟು ದೊಡ್ಡ ಗೌರವ ಸಿಗುವುದು ಅಪರೂಪ. ಆದರೆ ಪದ್ಮ ಪ್ರಶಸ್ತಿಗಳ ಜೊತೆ ಹಣವಾಗಲಿ, ಮಾಸಾಶನವಾಗಲಿ, ರೈಲು ಪ್ರಯಾಣದ ರಿಯಾಯಿತಿಯಾಗಲಿ ಇರುವುದಿಲ್ಲ ಎಂಬುದು ಅನೇಕರಿಗೆ ತಿಳಿದಿಲ್ಲ. ಅದು ಶುದ್ಧ ಗೌರವ ಮಾತ್ರ.

2011ರ ಆರಂಭದಲ್ಲಿ ಒಂದು ಸುದ್ದಿ ಪತ್ರಿಕೆಗಳಲ್ಲಿ ಬಂತು. ಹಂಗಲ್ ಅವರು ಮುಂಬಯಿಯ ಬಾಡಿಗೆ ಮನೆಯಲ್ಲಿ ಹಾಸಿಗೆ ಹಿಡಿದಿದ್ದಾರೆ, ಔಷಧದ ಖರ್ಚಿಗೂ ಕಷ್ಟವಾಗಿದೆ. ನೋಡಿಕೊಳ್ಳುವ ಮಗನಿಗೂ 70 ದಾಟಿದೆ, ಅವರಿಗೂ ಆರೋಗ್ಯ ಸರಿಯಿಲ್ಲ. 225 ಚಿತ್ರಗಳಲ್ಲಿ ನಟಿಸಿದವರ ಮನೆಯ ಸ್ಥಿತಿ ಇದು ಎಂದು ತಿಳಿದು ಜನ ಮರುಗಿದರು. ಚಿತ್ರರಂಗದ ಕೆಲವರು, ಕಲಾವಿದರ ಸಂಘದವರು, ಹೊರಗಿನವರು ಮುಂದೆ ಬಂದು ನೆರವು ನೀಡಿದರು. ನೆರವು ಬಂದದ್ದು ಒಳ್ಳೆಯದೇ. ಆದರೆ ಜೀವನವಿಡೀ ಸ್ವಾಭಿಮಾನದಿಂದ ದುಡಿದವರ ಔಷಧದ ಚೀಟಿ ಪತ್ರಿಕೆಯಲ್ಲಿ ಸುದ್ದಿಯಾಗಬೇಕಾಯಿತಲ್ಲ ಎಂಬುದು ಯೋಚಿಸಬೇಕಾದ ಸಂಗತಿ.

ಹೀಗೇಕೆ ಆಗುತ್ತದೆ?

ಪೋಷಕ ನಟನ ಆದಾಯದ ಲೆಕ್ಕ ಗೊತ್ತಿದ್ದರೆ ಇದರಲ್ಲಿ ಆಶ್ಚರ್ಯವಿಲ್ಲ. ಸಾಮಾನ್ಯವಾಗಿ ಅವರಿಗೆ ಸಿಗುವುದು ದಿನದ ಲೆಕ್ಕದ ಸಂಭಾವನೆ ಅಥವಾ ಇಡೀ ಪಾತ್ರಕ್ಕೆ ಒಂದು ಇಡಿಗಂಟು. ಚಿತ್ರ ಓಡಿದರೂ ಅಷ್ಟೇ, ಬಿದ್ದರೂ ಅಷ್ಟೇ. ‘ಶೋಲೆ’ ವರ್ಷಗಟ್ಟಲೆ ಓಡಿತು. ಟಿವಿಯಲ್ಲಿ ಲೆಕ್ಕವಿಲ್ಲದಷ್ಟು ಸಲ ಬಂತು, ಕ್ಯಾಸೆಟ್, ಡಿವಿಡಿಗಳಲ್ಲಿ ಮಾರಾಟವಾಯಿತು. ಆಗಿನ ಪದ್ಧತಿಯಲ್ಲಿ ಅಂತಹ ಮರುಪ್ರದರ್ಶನದ ಲಾಭದಲ್ಲಿ ಪೋಷಕ ನಟನಿಗೆ ಪಾಲು ಇರುತ್ತಿರಲಿಲ್ಲ.

ಧಾರಾವಾಹಿಗಳಲ್ಲಿ ಇನ್ನೊಂದು ತೊಡಕು. ಕೆಲಸ ಮಾಡಿದ ದಿನದ ಹಣ ಸಾಮಾನ್ಯವಾಗಿ 90 ದಿನಗಳ ನಂತರ ಕೈಸೇರುವ ರೂಢಿ ಮುಂಬಯಿಯಲ್ಲಿದೆ. ವ್ಯಾಪಾರದ ಮಾತಿನಲ್ಲಿ ಹೇಳುವುದಾದರೆ ಮೂರು ತಿಂಗಳ ಉದ್ರಿ. ನಡುವೆ ಧಾರಾವಾಹಿ ನಿಂತರೆ ಬಾಕಿ ವಸೂಲಿಗೆ ಅಲೆಯಬೇಕು. ಭವಿಷ್ಯ ನಿಧಿ ಇಲ್ಲ, ಪಿಂಚಣಿ ಇಲ್ಲ, ರಜೆ ಹಾಕಿದರೆ ಸಂಬಳ ಇಲ್ಲ. ಹಂಗಲ್ ಅವರಂತೆ 52ನೇ ವಯಸ್ಸಿನಲ್ಲಿ ಆರಂಭಿಸಿದವರಿಗೆ ಉಳಿತಾಯಕ್ಕೆ ಸಿಗುವ ವರ್ಷಗಳೂ ಕಡಿಮೆ.

ಕಾನೂನಿನಲ್ಲಿ ಇರುವುದೇನು?

ಕಲಾವಿದರ ರಕ್ಷಣೆಗೆ ಏನೂ ಇಲ್ಲವೆಂದಲ್ಲ. ನಿಗದಿತ ಮಿತಿಯೊಳಗೆ ವೇತನ ಪಡೆಯುವ ಸಿನಿಮಾ ಕೆಲಸಗಾರರನ್ನು ಲಿಖಿತ ಕರಾರಿಲ್ಲದೆ ದುಡಿಸಿಕೊಳ್ಳಬಾರದೆಂದು 1981ರಲ್ಲಿಯೇ ಸಂಸತ್ತು ಕಾಯಿದೆ ಮಾಡಿತು. ಅವರ ಕಲ್ಯಾಣ ನಿಧಿಗಾಗಿ ಪ್ರತ್ಯೇಕ ಕಾಯಿದೆಯೂ ಅದೇ ವರ್ಷ ಬಂತು. ಮುಂಬಯಿಯಲ್ಲಿ ಸಿನಿಮಾ ಮತ್ತು ಟಿವಿ ಕಲಾವಿದರ ಸಂಘ ‘ಸಿಂಟಾ’ ಇದೆ. ಬಾಕಿ ಸಂಭಾವನೆಯ ತಕರಾರುಗಳನ್ನು ಅದು ತನ್ನ ಸದಸ್ಯರ ಪರವಾಗಿ ಕೈಗೆತ್ತಿಕೊಳ್ಳುತ್ತದೆ.

ಮುಖ್ಯವಾದ ಬದಲಾವಣೆ ಬಂದದ್ದು 2012ರ ಕೃತಿಸ್ವಾಮ್ಯ ತಿದ್ದುಪಡಿ ಕಾಯಿದೆಯಿಂದ. ನಟ ಲಿಖಿತವಾಗಿ ಒಪ್ಪಿ ಚಿತ್ರದಲ್ಲಿ ಅಭಿನಯಿಸಿದ ಮೇಲೆ ನಿರ್ಮಾಪಕರು ಆ ಚಿತ್ರವನ್ನು ಬಳಸುವುದಕ್ಕೆ ಆಕ್ಷೇಪ ಮಾಡುವಂತಿಲ್ಲ. ಆದರೂ ಆ ಅಭಿನಯವನ್ನು ವಾಣಿಜ್ಯ ಉದ್ದೇಶಕ್ಕೆ ಬಳಸಿದಾಗ ಕಲಾವಿದನಿಗೆ ರಾಯಧನದ ಹಕ್ಕಿದೆ ಎಂದು ಅದು ಹೇಳಿತು. ಈ ತಿದ್ದುಪಡಿ ಜಾರಿಗೆ ಬಂದದ್ದು 2012ರ ಜೂನ್ 21ರಂದು. ಆಗ ಹಂಗಲ್ ಅವರ ಆಯುಷ್ಯ ಉಳಿದಿದ್ದದ್ದು ಕೇವಲ ಎರಡು ತಿಂಗಳು.

ಕೊನೆಯ ದಿನಗಳು

ಅದೇ 2012ರಲ್ಲಿ ಅವರು ಕೊನೆಯ ಸಲ ಕ್ಯಾಮೆರಾದ ಮುಂದೆ ಬಂದಿದ್ದರು. ಕಲರ್ಸ್ ವಾಹಿನಿಯ ‘ಮಧುಬಾಲಾ’ ಧಾರಾವಾಹಿಯಲ್ಲಿ ಒಂದು ಸಣ್ಣ ಪಾತ್ರ. ನಿಲ್ಲಲಾಗದ ಕಾರಣ ಗಾಲಿಕುರ್ಚಿಯಲ್ಲಿ ಕುಳಿತೇ ಅಭಿನಯಿಸಿದರು. ‘ಕೃಷ್ಣ ಔರ್ ಕಂಸ್’ ಎಂಬ ಮಕ್ಕಳ ಅನಿಮೇಷನ್ ಚಿತ್ರದಲ್ಲಿ ಉಗ್ರಸೇನ ಮಹಾರಾಜನಿಗೆ ಧ್ವನಿ ಕೊಟ್ಟರು. ಆ ಚಿತ್ರ 2012ರ ಆಗಸ್ಟ್ ತಿಂಗಳಲ್ಲಿ ಬಿಡುಗಡೆಯಾಯಿತು. ಅದೇ ತಿಂಗಳು ಮನೆಯಲ್ಲಿ ಬಿದ್ದು ತೊಡೆಯ ಮೂಳೆ ಮುರಿಯಿತು. ಆಸ್ಪತ್ರೆಗೆ ಸೇರಿಸಿದರೂ ಚೇತರಿಸಿಕೊಳ್ಳಲಿಲ್ಲ. ಆಗಸ್ಟ್ 26ರಂದು, 98ನೇ ವಯಸ್ಸಿನಲ್ಲಿ ನಿಧನರಾದರು. ಅಂತ್ಯಕ್ರಿಯೆಗೆ ದೊಡ್ಡ ತಾರೆಯರು ಹೆಚ್ಚಾಗಿ ಬರಲಿಲ್ಲ ಎಂದು ಮರುದಿನದ ವರದಿಗಳು ಬೇಸರದಿಂದ ಬರೆದವು.

ಕುಟುಂಬಗಳು ಗಮನಿಸಬೇಕಾದ್ದು

ಈಗ ಬೆಂಗಳೂರಿನಲ್ಲಿ ಕನ್ನಡ ಧಾರಾವಾಹಿಗಳ ಚಿತ್ರೀಕರಣ ವರ್ಷವಿಡೀ ನಡೆಯುತ್ತದೆ. ಜಿಲ್ಲೆಗಳಿಂದ ಯುವಕ ಯುವತಿಯರು ಅವಕಾಶ ಹುಡುಕಿಕೊಂಡು ಹೋಗುತ್ತಿದ್ದಾರೆ. ಅವರಲ್ಲಿ ನಾಯಕ, ನಾಯಕಿಯರಾಗುವವರು ಬೆರಳೆಣಿಕೆಯ ಮಂದಿ. ವೃತ್ತಿಯಲ್ಲಿ ಉಳಿಯುವವರಲ್ಲಿ ಹೆಚ್ಚಿನವರು ಪೋಷಕ ಪಾತ್ರಗಳಿಂದಲೇ ಬದುಕಬೇಕು. ಮಕ್ಕಳಿಗೆ ಬೇಡವೆಂದು ಗದರಿಸುವುದರಿಂದಲೂ, ಕಣ್ಣು ಮುಚ್ಚಿ ಕಳುಹಿಸುವುದರಿಂದಲೂ ಪ್ರಯೋಜನವಿಲ್ಲ. ಹಂಗಲ್ ಅವರ ಜೀವನದಿಂದ ಕೆಲವು ವ್ಯಾವಹಾರಿಕ ಪಾಠಗಳನ್ನು ತೆಗೆದುಕೊಳ್ಳಬಹುದು.

ಮೊದಲನೆಯದು, ಕೈಯಲ್ಲಿ ಇನ್ನೊಂದು ಕಸುಬು ಇರಬೇಕು. ಕತ್ತರಿ ಇದ್ದುದರಿಂದಲೇ ಹಂಗಲ್ ಅವರು 52 ವರ್ಷದವರೆಗೆ ಯಾರ ಮುಂದೆಯೂ ಕೈಚಾಚದೆ ನಾಟಕ ಮಾಡಿಕೊಂಡು ಇರಲು ಸಾಧ್ಯವಾಯಿತು.

ಎರಡನೆಯದು, ಯಾವ ಕೆಲಸವನ್ನೂ ಬಾಯಿಮಾತಿನ ಮೇಲೆ ಒಪ್ಪಿಕೊಳ್ಳಬಾರದು. ಎಷ್ಟು ದಿನ, ದಿನಕ್ಕೆ ಎಷ್ಟು, ಹಣ ಯಾವಾಗ, ಮರುಪ್ರಸಾರವಾದರೆ ಏನು ಎಂಬುದು ಕಾಗದದಲ್ಲಿ ಇರಬೇಕು. ಕಲಾವಿದರ ಸಂಘದ ಸದಸ್ಯತ್ವವನ್ನು ಆರಂಭದಲ್ಲಿಯೇ ಪಡೆಯಬೇಕು.

ಮೂರನೆಯದು, ಆರೋಗ್ಯ ವಿಮೆಯನ್ನು ಚಿಕ್ಕ ವಯಸ್ಸಿನಲ್ಲಿಯೇ ಮಾಡಿಸಬೇಕು. ಆದಾಯ ಬಂದ ತಿಂಗಳು ಒಂದು ಪಾಲನ್ನು ಮುಟ್ಟದಂತೆ ಇಡಬೇಕು. ಆದಾಯ ಏರುಪೇರಾಗುವ ವ್ಯಾಪಾರಸ್ಥರ ಮನೆಗಳಲ್ಲಿ ಇದು ಹೊಸ ವಿಷಯವೇನಲ್ಲ. ಅದನ್ನೇ ನಟನಾಗುವ ಮಗನಿಗೂ, ಮಗಳಿಗೂ ಹೇಳಿಕೊಡಬೇಕು.

ನಾಲ್ಕನೆಯದು ಸಮಾಜಕ್ಕೆ ಸೇರಿದ್ದು. ಪ್ರತಿ ಊರಿನಲ್ಲಿಯೂ ಹಿಂದೆ ನಾಟಕ, ಸಿನಿಮಾ, ಆಕಾಶವಾಣಿಗಳಲ್ಲಿ ದುಡಿದ ಹಿರಿಯ ಕಲಾವಿದರು ಇರುತ್ತಾರೆ. ಸನ್ಮಾನ ಸಮಾರಂಭಕ್ಕೆ ಅವರನ್ನು ಕರೆಯುತ್ತೇವೆ, ಶಾಲು ಹೊದಿಸಿ, ಹಾರ ಹಾಕಿ, ಫೋಟೊ ತೆಗೆಸಿ ಮನೆಗೆ ಕಳುಹಿಸುತ್ತೇವೆ. ಔಷಧದ ಅಂಗಡಿಯಲ್ಲಿ ಅವರ ಬಾಕಿ ಎಷ್ಟಿದೆ ಎಂದು ಕೇಳುವವರು ಕಡಿಮೆ. ಸಂಘ ಸಂಸ್ಥೆಗಳು ಒಂದು ಸನ್ಮಾನದ ಖರ್ಚಿನಲ್ಲಿ ಒಬ್ಬ ಹಿರಿಯರ ಒಂದು ವರ್ಷದ ವಿಮಾ ಕಂತನ್ನು ಸದ್ದಿಲ್ಲದೆ ಕಟ್ಟಿದರೆ ಅದು ಶಾಲಿಗಿಂತ ಹೆಚ್ಚು ಬೆಚ್ಚಗಿರುತ್ತದೆ.

ರಾಮನಗರದ ಬೆಟ್ಟ ನೋಡಲು ಹೋದವರಿಗೆ ಸ್ಥಳೀಯರು ಇಂದಿಗೂ ‘ಶೋಲೆ’ ತೆಗೆದ ಜಾಗಗಳನ್ನು ತೋರಿಸುತ್ತಾರೆ. ಗಬ್ಬರ್ ಕುಳಿತ ಬಂಡೆ ಯಾವುದು, ಠಾಕೂರರ ಮನೆ ಎಲ್ಲಿತ್ತು ಎಂದು ಎಲ್ಲರೂ ಕೇಳುತ್ತಾರೆ. ಕಣ್ಣಿಲ್ಲದ ಇಮಾಮರು ಮಗನ ಹೆಣದ ಮುಂದೆ ನಿಂತದ್ದು ಎಲ್ಲಿ ಎಂದು ಕೇಳುವವರು ವಿರಳ. ಮುಂದಿನ ಸಲ ಹೋದವರು ಮಕ್ಕಳಿಗೆ ಆ ಮಾತನ್ನೂ ಹೇಳಬಹುದು. ಅದನ್ನು ಅಭಿನಯಿಸಿದವರ ಹೆಸರು ಎ.ಕೆ. ಹಂಗಲ್, ಕಸುಬಿನಿಂದ ದರ್ಜಿ.